ಬಾಂಬರು ವೈಮಾನಿಕರ ಸ್ಮಾರಕಗಳು: ಒಂದು ವಿವೇಚನೆ

ಸತ್ತವರ ಸಲುವಾಗಿ ಬದುಕಿರುವವರು ನಿಲ್ಲಿಸುವ ಸ್ಮಾರಕವು ಎರಡು ಸಂಗತಿಗಳನ್ನು ಹೇಳಬೇಕಾಗುತ್ತದೆ. ಸತ್ತವರು ಯಾರು ಎಂಬುದು ಒಂದು. ಅವರು ಏತಕ್ಕಾಗಿ ಸತ್ತರು ಎಂಬುದು ಇನ್ನೊಂದು. ನಮ್ಮ ನಾಡಿನ ವೀರಗಲ್ಲುಗಳಲ್ಲಿ ಈ ಎರಡೂ ಸಂಗತಿಗಳು ಒಂದೇ ಶಿಲೆಯ ಮೇಲೆ ನಿರಾಯಾಸವಾಗಿ ಕೂಡಿಬರುತ್ತವೆ. ತುರುಗಳನ್ನು ಮರಳಿಸಲು ಹೋಗಿ ಮಡಿದವನ ಹೆಸರು, ಅವನು ಕಾದಿದ ಬಗೆ, ಅವನು ಪಡೆದ ಸ್ವರ್ಗ, ಇವನ್ನು ಕೆತ್ತಿಸಿದವನಿಗೆ ಯಾವ ಸಂಕೋಚವೂ ಇರಲಿಲ್ಲ. ಆಧುನಿಕ ಯುದ್ಧದ ಸ್ಮಾರಕಗಳಲ್ಲಿ ಇಂತಹ ನಿಸ್ಸಂಕೋಚವು ಯಾವಾಗಲೂ ಸಾಧ್ಯವಾಗದು. ಸತ್ತವರ ಹೆಸರುಗಳನ್ನು ಹೇಳುವುದು ಸುಲಭವಾಗಿದ್ದು, ಅವರು ಮಾಡಿದ ಕಾರ್ಯವನ್ನು ಹೇಳುವುದು ಕಠಿಣವಾಗುವ ಪ್ರಸಂಗಗಳು ಉಂಟು.

ದ್ವಿತೀಯ ಮಹಾಯುದ್ಧದಲ್ಲಿ ಇಂಗ್ಲೆಂಡಿನ ನೆಲದಿಂದ ಹಾರಿ ಹೋಗಿ ಯೂರೋಪಿನ ಮೇಲೆ ಬಾಂಬುಗಳನ್ನು ಹಾಕಿದ ವೈಮಾನಿಕರ ಸ್ಮಾರಕಗಳು ಇದಕ್ಕೆ ಸ್ಪಷ್ಟವಾದ ನಿದರ್ಶನ. ಅವರ ಧೈರ್ಯವನ್ನು ಅಲ್ಲಗಳೆದವರು ವಿರಳ. ಆದರೆ ಆ ಧೈರ್ಯದ ಪರಿಣಾಮವನ್ನು ಅನುಭವಿಸಿದವರಲ್ಲಿ ಶತ್ರುಸೈನಿಕರಷ್ಟೇ ಅಲ್ಲದೆ, ಮನೆಗಳಲ್ಲಿ ಮಲಗಿದ್ದ ಹೆಂಗಸರೂ ಮಕ್ಕಳೂ ವೃದ್ಧರೂ ಇದ್ದರು. ಧೈರ್ಯವನ್ನು ಗೌರವಿಸುತ್ತ, ಕಾರ್ಯವನ್ನು ಸಮರ್ಥಿಸದೆ ಇರುವುದು ಸಾಧ್ಯವೆ? ಕಾರ್ಯದ ಬಗೆಗೆ ಸಂಶಯವಿದ್ದರೂ ಅದನ್ನು ಮಾಡಿ ಮಡಿದವನಿಗಾಗಿ ಶೋಕಿಸುವುದು ಸಾಧ್ಯವೆ? ಈ ಪ್ರಶ್ನೆಗಳಿಗೆ ಒಂದೊಂದು ಕಾಲವೂ ತನ್ನದೇ ಆದ ಉತ್ತರವನ್ನು ಕಲ್ಲಿನಲ್ಲಿಯೂ ಲೋಹದಲ್ಲಿಯೂ ಬರೆದಿಟ್ಟಿದೆ. ಸ್ಮಾರಕದ ರೂಪವೇ ಆ ಉತ್ತರವೆಂಬುದು ನಮ್ಮ ಅಭಿಪ್ರಾಯ. ಪ್ರಕೃತ ಲೇಖನದಲ್ಲಿ ಅಂತಹ ಕೆಲವು ರೂಪಗಳನ್ನು ಪರಿಶೀಲಿಸುವುದು ನಮ್ಮ ಉದ್ದೇಶ.

ಮೊದಲು ಚಾರಿತ್ರಿಕ ಹಿನ್ನೆಲೆಯನ್ನು ಸಂಕ್ಷೇಪವಾಗಿ ನೋಡೋಣ. ಬ್ರಿಟಿಷ್ ವಾಯುಸೇನೆಯ ಬಾಂಬರ್ ಕಮಾಂಡ್ ಎಂಬ ವಿಭಾಗವು 1936ರಲ್ಲಿ ಸ್ಥಾಪಿತವಾಯಿತು. ಯುದ್ಧಕಾಲದಲ್ಲಿ ಸುಮಾರು 1,25,000 ಮಂದಿ ವೈಮಾನಿಕರು ಅದರಲ್ಲಿ ಸೇವೆ ಸಲ್ಲಿಸಿದರು. ಅವರಲ್ಲಿ ಸತ್ತವರು 55,573 ಮಂದಿ. ಎಂದರೆ ನೂರಕ್ಕೆ 44ರಷ್ಟು. ಎಲ್ಲರೂ ಸ್ವಇಚ್ಛೆಯಿಂದ ಹಾರಾಟಕ್ಕೆ ಬಂದವರು. ಬಹುಪಾಲು ಇಪ್ಪತ್ತರ ಆಸುಪಾಸಿನ ತರುಣರು. ಬ್ರಿಟನ್ನಿನವರಲ್ಲದೆ ಕೆನಡಾ, ಆಸ್ಟ್ರೇಲಿಯಾ, ನ್ಯೂಜಿಲೆಂಡ್, ಪೋಲೆಂಡ್ ಮೊದಲಾದ ದೇಶಗಳವರೂ ಅವರಲ್ಲಿದ್ದರು. ಲ್ಯಾಂಕಾಸ್ಟರ್ ಎಂಬ ಪ್ರಸಿದ್ಧ ಬಾಂಬರಿನಲ್ಲಿ ಏಳು ಜನರು ಇರುತ್ತಿದ್ದರು: ಚಾಲಕ, ಯಂತ್ರಜ್ಞ, ದಾರಿ ಗುರುತಿಸುವ ನ್ಯಾವಿಗೇಟರು, ಬಾಂಬು ಹಾಕುವವನು, ನಿಸ್ತಂತು ವಾರ್ತೆಯವನು ಮತ್ತು ಇಬ್ಬರು ಫಿರಂಗಿಗಾರರು. ಒಂದು ಸರದಿಯ ಸೇವೆಯೆಂದರೆ ಸಾಮಾನ್ಯವಾಗಿ 30 ದಾಳಿಗಳು. ನಷ್ಟವು ವಿಪರೀತವಾಗಿದ್ದ ತಿಂಗಳುಗಳಲ್ಲಿ ಈ ಮೂವತ್ತನ್ನು ಪೂರೈಸುವೆನೆಂದು ನಂಬಲು ಯಾರಿಗೂ ಕಾರಣವಿರಲಿಲ್ಲ. 1944ರ ಮಾರ್ಚ್ 30ರ ರಾತ್ರಿ ನ್ಯೂರೆಂಬರ್ಗಿನ ಮೇಲೆ ಹೋದ 795 ವಿಮಾನಗಳಲ್ಲಿ 95 ಹಿಂದಿರುಗಲಿಲ್ಲ.

ಇವರು ಮಾಡಿದ ಕಾರ್ಯದ ಸ್ವರೂಪವನ್ನೂ ತಿಳಿಯಬೇಕು. ಹಗಲು ಹಾರಿದರೆ ಶತ್ರುವಿಗೆ ಸುಲಭವಾಗಿ ತುತ್ತಾಗಬೇಕಾಗುತ್ತಿದ್ದುದರಿಂದ ಬ್ರಿಟಿಷರು ರಾತ್ರಿಯ ದಾಳಿಯನ್ನು ಅವಲಂಬಿಸಿದರು. ಆದರೆ ಕತ್ತಲಲ್ಲಿ ಗುರಿ ಕಾಣುತ್ತಿರಲಿಲ್ಲ. 1941ರ ಆಗಸ್ಟಿನಲ್ಲಿ ಸಿದ್ಧವಾದ ಬಟ್ ವರದಿಯು ವಿಮಾನಗಳಿಂದ ತೆಗೆದ ಛಾಯಾಚಿತ್ರಗಳನ್ನು ಪರೀಕ್ಷಿಸಿ, ಗುರಿಯ ಮೇಲೆ ದಾಳಿ ಮಾಡಿದೆವೆಂದು ಹೇಳಿದವರಲ್ಲಿ ಮೂರರಲ್ಲೊಂದು ಪಾಲು ಮಾತ್ರ ಗುರಿಯ ಐದು ಮೈಲಿಗಳ ಒಳಗೆ ತಲಪಿದ್ದರೆಂದು ತೋರಿಸಿತು. ಕಾರ್ಖಾನೆಯನ್ನು ಹೊಡೆಯಲಾಗದಿದ್ದರೆ, ಅದು ಇರುವ ನಗರವನ್ನೇ ಹೊಡೆಯಬೇಕೆಂಬ ನಿರ್ಣಯಕ್ಕೆ ಇದು ದಾರಿಮಾಡಿತು. 1942ರ ಫೆಬ್ರವರಿ 14ರ ಆಜ್ಞೆಯು ಈ ನೀತಿಯನ್ನು ಖಚಿತಪಡಿಸಿತು. ಅದೇ ತಿಂಗಳಲ್ಲಿ ಆರ್ಥರ್ ಹ್ಯಾರಿಸ್ ದಂಡನಾಯಕನಾಗಿ ಬಂದು ಅದನ್ನು ದೃಢಚಿತ್ತದಿಂದ ನಡೆಸಿದನು. 1943ರ ಜುಲೈ ಕೊನೆಯಲ್ಲಿ ಹ್ಯಾಂಬರ್ಗ್ ನಗರದಲ್ಲಿ ಎದ್ದ ಅಗ್ನಿಪ್ರಳಯದಲ್ಲಿ 30,000ಕ್ಕೂ ಹೆಚ್ಚು ಜನರು ಸತ್ತರು. 1945ರ ಫೆಬ್ರವರಿಯಲ್ಲಿ ಡ್ರೆಸ್‌ಡನ್ ನಗರದಲ್ಲಿ ಸತ್ತವರ ಸಂಖ್ಯೆಯು 25,000ದ ವರೆಗೆ ಇದ್ದಿತೆಂದು ಇತಿಹಾಸಜ್ಞರ ಆಯೋಗವೊಂದು 2010ರಲ್ಲಿ ನಿರ್ಣಯಿಸಿತು. ಇದಕ್ಕೆ ಮುಂಚೆ ಜರ್ಮನರ ಬಾಂಬುಗಳು ವಾರ್ಸಾ, ರಾಟರ್‌ಡ್ಯಾಂ, ಲಂಡನ್, ಕವೆಂಟ್ರಿ ನಗರಗಳ ಮೇಲೆ ಬಿದ್ದಿದ್ದುವೆಂಬುದನ್ನೂ, ಯುದ್ಧದ ಅವಧಿಯಲ್ಲಿ ಬ್ರಿಟನ್ನಿನ ಸುಮಾರು 60,000 ನಾಗರಿಕರು ವಾಯುದಾಳಿಗಳಲ್ಲಿ ಸತ್ತರೆಂಬುದನ್ನೂ ಮರೆಯುವಂತಿಲ್ಲ. ಒಂದು ಲೆಕ್ಕವು ಇನ್ನೊಂದನ್ನು ಅಳಿಸುವುದಿಲ್ಲ; ಎರಡನ್ನೂ ಮುಂದಿಟ್ಟುಕೊಂಡೇ ಸ್ಮಾರಕಗಳನ್ನು ನೋಡಬೇಕಾಗಿದೆ.

ಯುದ್ಧಾನಂತರದ ಮೊದಲ ಸ್ಮಾರಕಗಳು ಕಾರ್ಯದ ವಿಷಯವಾಗಿ ಮೌನವನ್ನು ತಾಳಿ, ಹೆಸರುಗಳನ್ನು ಮಾತ್ರ ಹೇಳಿದುವು. ಅದಕ್ಕೆ ಕಾರಣವೂ ಇದ್ದಿತು. ಭೂಸೈನಿಕನು ಬಿದ್ದಲ್ಲಿ ಅವನ ಗೋರಿ ಇರುತ್ತದೆ. ಆಕಾಶದಲ್ಲಿ ಉರಿದುಹೋದವನಿಗೆ, ಸಮುದ್ರದಲ್ಲಿ ಮುಳುಗಿದವನಿಗೆ ಗೋರಿ ಎಲ್ಲಿ? ಥೇಮ್ಸ್ ನದಿಯ ದಂಡೆಯ ರನ್ನಿಮೀಡಿನಲ್ಲಿ, ಕೂಪರ್ಸ್ ಹಿಲ್ ಎಂಬ ಗುಡ್ಡದ ಮೇಲೆ, ಸರ್ ಎಡ್ವರ್ಡ್ ಮಾಫ್ ಎಂಬ ವಾಸ್ತುಶಿಲ್ಪಿಯು ರಚಿಸಿದ ಸ್ಮಾರಕವನ್ನು 1953ರ ಅಕ್ಟೋಬರ್ 17ರಂದು ಎರಡನೆಯ ಎಲಿಜಬೆತ್ ರಾಣಿಯು ಅನಾವರಣಗೊಳಿಸಿದಳು. ಗೋರಿಯಿಲ್ಲದ 20,000ಕ್ಕೂ ಹೆಚ್ಚು ವಾಯುಸೈನಿಕರ ಹೆಸರುಗಳನ್ನು ಅದರ ಗೋಡೆಗಳ ಮೇಲೆ ಕೆತ್ತಲಾಗಿದೆ. ಬಾಂಬರಿನವರು, ಯುದ್ಧವಿಮಾನದವರು, ಸಾಗಾಣಿಕೆಯವರು, ತರಬೇತಿಯಲ್ಲಿದ್ದವರು ಎಲ್ಲರೂ ಅಲ್ಲಿದ್ದಾರೆ. ಹೀಗೆ ಬಾಂಬರು ವೈಮಾನಿಕನು ಸತ್ತ ಇತರರ ನಡುವೆ ಒಬ್ಬನಾಗುತ್ತಾನೆ; ಅವನು ಏನು ಮಾಡಿದನೆಂಬ ಪ್ರಶ್ನೆ ಅಲ್ಲಿ ಏಳುವುದಿಲ್ಲ.

ಇದೇ ಗೋಡೆಗಳ ಮೇಲೆ ಕನ್ನಡನಾಡಿನ ಚರಿತ್ರೆಯನ್ನು ನೆನಪಿಗೆ ತರುವ ಒಂದು ಹೆಸರೂ ಇದೆ. ಮೈಸೂರಿನ ಟಿಪ್ಪು ಸುಲ್ತಾನನ ವಂಶಕ್ಕೆ ಸೇರಿದ ನೂರ್ ಇನಾಯತ್ ಖಾನ್ ಬ್ರಿಟಿಷ್ ವಾಯುಸೇನೆಯ ಮಹಿಳಾವಿಭಾಗದಲ್ಲಿ ನಿಸ್ತಂತು ಕೆಲಸವನ್ನು ಕಲಿತು, ಬಾಂಬರು ತರಬೇತಿ ಕೇಂದ್ರವೊಂದರಲ್ಲಿ ಕೆಲಸಮಾಡಿ, ಬಳಿಕ ಗುಪ್ತಕಾರ್ಯಕ್ಕಾಗಿ ಫ್ರಾನ್ಸಿಗೆ ಹೋದಳು. ಸೆರೆಸಿಕ್ಕಿದ ಆಕೆಯನ್ನು 1944ರ ಸೆಪ್ಟೆಂಬರಿನಲ್ಲಿ ಡಾಖಾವ್ ಶಿಬಿರದಲ್ಲಿ ಕೊಂದರು. ಆಕೆಯು ಬಾಂಬರಿನಲ್ಲಿ ಹಾರಿದವಳಲ್ಲ. ಆದರೂ ಗೋರಿಯಿಲ್ಲದವರ ಸಾಲಿನಲ್ಲಿ ಆಕೆಗೂ ಅವರಿಗೂ ಒಂದೇ ಗೋಡೆ.

ಅಮೆರಿಕದವರು ಕೇಂಬ್ರಿಜ್ ಬಳಿಯ ಮ್ಯಾಡಿಂಗ್ಲಿಯಲ್ಲಿ 1956ರಲ್ಲಿ ಅರ್ಪಿಸಿದ ಶ್ಮಶಾನದ ರೀತಿಯೂ ಇಂತಹುದೇ. ಅಲ್ಲಿ ಸುಮಾರು 3,800 ಗೋರಿಗಳಿವೆ; ಕಾಣೆಯಾದವರ ಗೋಡೆಯ ಮೇಲೆ 5,127 ಹೆಸರುಗಳಿವೆ; ಇವರಲ್ಲಿ ಅನೇಕರು ಇಂಗ್ಲೆಂಡಿನಿಂದ ಹಗಲು ಹೊತ್ತು ದಾಳಿ ಮಾಡಿದ ಬಾಂಬರುಗಳಲ್ಲಿದ್ದವರು. ಏಷ್ಯಾ ಖಂಡದಲ್ಲಿ ಕಾಣೆಯಾದ ವೈಮಾನಿಕರಿಗೆ 1957ರಲ್ಲಿ ಅನಾವರಣಗೊಂಡ ಸಿಂಗಪುರದ ಕ್ರಾಂಜಿ ಸ್ಮಾರಕವೇ ಗತಿ. ಸೈನಿಕರನ್ನೂ ಸೇರಿಸಿಕೊಂಡು ಅಲ್ಲಿರುವ ಹೆಸರುಗಳು 24,000ಕ್ಕೂ ಹೆಚ್ಚು. ಲಿಂಕನ್ ನಗರದ ಕೆಥೆಡ್ರಲಿನ ಒಂದು ಉಪಗುಡಿಯಲ್ಲಿ, ಆ ಪ್ರಾಂತದ ನೆಲೆಗಳಿಂದ ಹಾರಿ ಮಡಿದ ಸುಮಾರು 26,000 ಮಂದಿಯ ಹೆಸರುಗಳನ್ನು ಕೈಬರಹದ ಪುಸ್ತಕಗಳಲ್ಲಿ ಬರೆದಿಟ್ಟಿದ್ದಾರೆ.

ಹೆಸರುಗಳ ಈ ಸ್ಮಾರಕಗಳು ಹುಟ್ಟಿದರೂ, ಬಾಂಬರ್ ಕಮಾಂಡಿಗೇ ಮೀಸಲಾದ ರಾಷ್ಟ್ರೀಯ ಸ್ಮಾರಕವು ಲಂಡನ್ನಿನಲ್ಲಿ ಏಳಲು 67 ವರ್ಷಗಳು ಬೇಕಾದುವು. ಈ ವಿಳಂಬವು ಆಕಸ್ಮಿಕವಲ್ಲ. 1945ರ ಮಾರ್ಚ್ 28ರಂದು ಪ್ರಧಾನಿ ಚರ್ಚಿಲ್ಲನು ಸೇನಾಮುಖ್ಯಸ್ಥರಿಗೆ ಬರೆದ ಟಿಪ್ಪಣಿಯೊಂದರಲ್ಲಿ, ಜರ್ಮನಿಯ ನಗರಗಳನ್ನು ಭೀತಿಯುಂಟುಮಾಡುವ ಉದ್ದೇಶದಿಂದ ಹೊಡೆಯುವ ಪ್ರಶ್ನೆಯನ್ನು ಮತ್ತೆ ವಿಮರ್ಶಿಸಬೇಕೆಂದು ಸೂಚಿಸಿದನು. ಅಧಿಕಾರಿಗಳ ಆಕ್ಷೇಪಣೆಯಿಂದ ಅದನ್ನು ಹಿಂತೆಗೆದುಕೊಂಡು ಸೌಮ್ಯವಾದ ಇನ್ನೊಂದನ್ನು ಬರೆದನಾದರೂ, ಆಳುವವರ ಮನಸ್ಸಿನಲ್ಲಿ ಹುಟ್ಟಿದ ಸಂಕೋಚವು ಮರೆಯಾಗಲಿಲ್ಲ. ಬಾಂಬರ್ ಕಮಾಂಡಿನವರಿಗೆ ಪ್ರತ್ಯೇಕ ಪದಕವು ದೊರೆಯಲಿಲ್ಲ; ಪದಕಕ್ಕೆ ತೊಡಿಸುವ ಒಂದು ಸಣ್ಣ ಪಟ್ಟಿಯನ್ನು ಅವರಿಗೆ ಕೊಟ್ಟದ್ದು 2013ರಲ್ಲಿ. ಇಲ್ಲಿ ಒಂದು ಅನ್ಯಾಯವಿದೆ. ನಗರಗಳನ್ನು ಸುಡಬೇಕೆಂದು ನಿರ್ಣಯಿಸಿದವರು ಮಂತ್ರಿಗಳು ಮತ್ತು ಸೇನಾಪತಿಗಳು. ಆ ನಿರ್ಣಯದ ಕಳಂಕವು ಮಾತ್ರ ಅದನ್ನು ನೆರವೇರಿಸಲು ಹೋದ ಇಪ್ಪತ್ತರ ತರುಣರ ನೆನಪಿಗೂ ಅಂಟಿಕೊಂಡಿತು.

ದಂಡನಾಯಕನನ್ನೂ ತಂಡವನ್ನೂ ಒಂದೇ ಕಲ್ಲಿನಲ್ಲಿ ಗೌರವಿಸಲು ಹೊರಟರೆ ಏನಾಗುವುದೆಂಬುದಕ್ಕೆ ಹ್ಯಾರಿಸನ ಪ್ರತಿಮೆಯು ಉದಾಹರಣೆ. ವಾಯುಸೇನೆಯ ಪ್ರಧಾನ ಚರ್ಚಾದ ಲಂಡನ್ನಿನ ಸೇಂಟ್ ಕ್ಲೆಮೆಂಟ್ ಡೇನ್ಸ್ ಎದುರಿನಲ್ಲಿ 1992ರ ಮೇ 31ರಂದು ರಾಜಮಾತೆಯು ಅದನ್ನು ಅನಾವರಣ ಮಾಡಿದಳು. ಆ ಚರ್ಚು 1941ರಲ್ಲಿ ಜರ್ಮನ್ ಬಾಂಬುಗಳಿಂದ ಸುಟ್ಟು, 1958ರಲ್ಲಿ ಪುನಃ ಪ್ರತಿಷ್ಠಿತವಾದುದು. 1992ರ ಆ ದಿನವು ಕೊಲೋನ್ ನಗರದ ಮೇಲೆ ಸಾವಿರ ವಿಮಾನಗಳ ದಾಳಿ ನಡೆದ ಐವತ್ತನೆಯ ವಾರ್ಷಿಕ ದಿನಕ್ಕೆ ಹೊಂದಿಕೊಂಡಿತ್ತು. ಜರ್ಮನ್ ನಗರಗಳಿಂದ ಪ್ರತಿಭಟನೆ ಬಂದಿತು, ಸಮಾರಂಭದಲ್ಲಿಯೇ ಕೂಗಾಟವಾಯಿತು, ಪ್ರತಿಮೆಯ ಮೇಲೆ ಕೆಂಪು ಬಣ್ಣವನ್ನು ಎರಚಿದರು. ಪೀಠದ ಲೇಖವು 55,000ಕ್ಕೂ ಹೆಚ್ಚು ವೈಮಾನಿಕರನ್ನು ಸ್ಮರಿಸುತ್ತದೆಯಾದರೂ, ನೋಡುವವನ ಕಣ್ಣಿಗೆ ಬೀಳುವುದು ದಂಡನಾಯಕನೊಬ್ಬನೇ. ಮಡಿದವರ ನೆನಪು ಆಜ್ಞೆಯ ನೆನಪಿನೊಡನೆ ಬೆರೆತಾಗ ಶೋಕಕ್ಕೆ ಸ್ಥಳವು ಉಳಿಯದೆ ವಾದವೇ ಉಳಿಯುತ್ತದೆ.

ಇಪ್ಪತ್ತು ವರ್ಷಗಳ ಅನಂತರ, 2012ರ ಜೂನ್ 28ರಂದು, ಲಂಡನ್ನಿನ ಗ್ರೀನ್ ಪಾರ್ಕಿನಲ್ಲಿ ಎಲಿಜಬೆತ್ ರಾಣಿಯು ಅನಾವರಣಗೊಳಿಸಿದ ಬಾಂಬರ್ ಕಮಾಂಡ್ ಸ್ಮಾರಕದಲ್ಲಿ ಬೇರೊಂದು ಮಾರ್ಗವನ್ನು ಹಿಡಿದಿದ್ದಾರೆ. ಲಿಯಮ್ ಓ'ಕಾನರ್ ರಚಿಸಿದ ಶಿಲಾಮಂಟಪದ ನಡುವೆ, ಫಿಲಿಪ್ ಜಾಕ್ಸನ್ ಎಂಬ ಶಿಲ್ಪಿಯು ಎರಕಹೊಯ್ದ ಏಳು ಕಂಚಿನ ವ್ಯಕ್ತಿಗಳು ನಿಂತಿದ್ದಾರೆ. ಆಗತಾನೆ ಹಾರಾಟವನ್ನು ಮುಗಿಸಿ ಇಳಿದು ಬಂದವರಂತೆ, ದಣಿದು, ಹಾರಾಟದ ಉಡುಪಿನಲ್ಲಿಯೇ ಇದ್ದಾರೆ. ಅವರಲ್ಲಿ ಯಾರಿಗೂ ಹೆಸರಿಲ್ಲ. ವಿಜಯೋತ್ಸಾಹದ ಭಂಗಿಯೂ ಇಲ್ಲ. ಮಂಟಪದ ಛಾವಣಿಯ ರಚನೆಯು ವೆಲಿಂಗ್ಟನ್ ಬಾಂಬರಿನ ಜಾಲರಿಯಂತಹ ಅಂಗರಚನೆಯನ್ನು ಹೋಲುತ್ತದೆ. ಅದಕ್ಕೆ ಬಳಸಿದ ಅಲ್ಯೂಮಿನಿಯಮ್ಮಿಗೆ ಒಂದು ಕಥೆಯುಂಟು. 1944ರ ಮೇ ತಿಂಗಳಲ್ಲಿ ಬೆಲ್ಜಿಯಮ್ಮಿನ ಕೆಸರಿನಲ್ಲಿ ಬಿದ್ದು ಹೂತುಹೋದ ಕೆನಡಾ ದಳದ ಹ್ಯಾಲಿಫ್ಯಾಕ್ಸ್ ವಿಮಾನವೊಂದನ್ನು 1997ರಲ್ಲಿ ಹೊರತೆಗೆದರು. ಅದರೊಳಗೆ ದೊರೆತ ಮೂವರ ಅವಶೇಷಗಳನ್ನು ಸೇನಾಗೌರವದಿಂದ ಹೂಳಿದರು. ವಿಮಾನದ ಲೋಹದ ಒಂದಂಶವು ಈ ಛಾವಣಿಯಾಯಿತು. ಶವಪೆಟ್ಟಿಗೆಯೇ ಆಗಿದ್ದ ಲೋಹವು ಇಲ್ಲಿ ನೆರಳಾಗಿ ನಿಂತಿದೆ.

ಈ ಸ್ಮಾರಕದ ಮೇಲಿನ ಒಂದು ಲೇಖವು ನಮ್ಮ ವಿಷಯಕ್ಕೆ ಅತ್ಯಂತ ಮುಖ್ಯವಾದುದು. 1939ರಿಂದ 1945ರ ವರೆಗೆ ನಡೆದ ಬಾಂಬುದಾಳಿಗಳಲ್ಲಿ ಪ್ರಾಣವನ್ನು ಕಳೆದುಕೊಂಡ ಎಲ್ಲ ರಾಷ್ಟ್ರಗಳ ಜನರನ್ನೂ ಈ ಸ್ಮಾರಕವು ಸ್ಮರಿಸುತ್ತದೆಯೆಂದು ಅದು ಹೇಳುತ್ತದೆ. ಬಾಂಬು ಹಾಕಿದವರ ಸ್ಮಾರಕವು ಬಾಂಬಿನಿಂದ ಸತ್ತವರನ್ನೂ ನೆನೆಯುವುದು ಸ್ಮಾರಕಗಳ ಚರಿತ್ರೆಯಲ್ಲಿ ಸಾಮಾನ್ಯ ಸಂಗತಿಯಲ್ಲ. ಆದರೆ ಇದು ಪೂರ್ಣವಾದ ಪರಿಹಾರವೆಂದು ಹೇಳಲಾರೆವು. ಲೇಖವು ಒಂದು ವಾಕ್ಯ, ಮಂಟಪವು ಬೃಹತ್ತಾದುದು. ಅದರ ಕಂಬಸಾಲುಗಳು ಸಾಮ್ರಾಜ್ಯದ ದಿನಗಳ ಗಾಂಭೀರ್ಯವನ್ನು ನೆನಪಿಗೆ ತರುತ್ತವೆಂದು ಟೀಕಿಸಿದವರೂ ಉಂಟು. 2019ರಲ್ಲಿ ಇಲ್ಲಿಯ ಪ್ರತಿಮೆಗಳ ಮೇಲೆಯೂ ಬಣ್ಣವನ್ನು ಎರಚಿದ ಕೃತ್ಯವು ನಡೆಯಿತು.

ಲಿಂಕನ್ ನಗರದ ಹೊರವಲಯದಲ್ಲಿ, ಕ್ಯಾನ್ವಿಕ್ ಗುಡ್ಡದ ಮೇಲೆ, 2018ರಲ್ಲಿ ತೆರೆದ ಅಂತರರಾಷ್ಟ್ರೀಯ ಬಾಂಬರ್ ಕಮಾಂಡ್ ಕೇಂದ್ರವು ಈ ಕೊರತೆಯನ್ನು ಇನ್ನಷ್ಟು ಆಳವಾಗಿ ಯೋಚಿಸಿದೆ. ಲಿಂಕನ್ ಪ್ರಾಂತವು ಬಾಂಬರುಗಳ ಪ್ರಾಂತವೆಂದೇ ಹೆಸರಾದುದು. ಗುಡ್ಡದಿಂದ ಕಾಣುವ ಕೆಥೆಡ್ರಲಿನ ಗೋಪುರವು ಹೋಗಿಬರುವ ವೈಮಾನಿಕರಿಗೆ ಗುರುತಾಗಿದ್ದಿತು. ಇಲ್ಲಿ 2015ರಲ್ಲಿಯೇ ನಿಲ್ಲಿಸಿದ ತುಕ್ಕುಬಣ್ಣದ ಉಕ್ಕಿನ ಶಿಖರದ ಎತ್ತರವು 31.09 ಮೀಟರು. ಇದು ಲ್ಯಾಂಕಾಸ್ಟರಿನ ಒಂದು ರೆಕ್ಕೆಯ ತುದಿಯಿಂದ ಇನ್ನೊಂದರ ತುದಿಯ ವರೆಗಿನ ಅಳತೆ. ವಿಮಾನದ ಚಿತ್ರವಿಲ್ಲದೆ, ಮನುಷ್ಯನ ಮೂರ್ತಿಯಿಲ್ಲದೆ, ಕೇವಲ ಒಂದು ಅಳತೆಯಿಂದ ಅರ್ಥವನ್ನು ಹೇಳುವ ರೀತಿ ಇದು. ಶಿಖರವನ್ನು ಸುತ್ತಿದ ಉಕ್ಕಿನ ಗೋಡೆಗಳಲ್ಲಿ ಸುಮಾರು 58,000 ಹೆಸರುಗಳನ್ನು ಕೊರೆದಿದ್ದಾರೆ. ಹಾರಿದವರಷ್ಟೇ ಅಲ್ಲದೆ, ನೆಲದ ಮೇಲೆ ದುಡಿದು ಸತ್ತ ಗಂಡಸರೂ ಹೆಂಗಸರೂ ಈ ಲೆಕ್ಕದಲ್ಲಿ ಸೇರಿರುವುದರಿಂದ ಸಂಖ್ಯೆಯು ಹಿಂದೆ ಹೇಳಿದ್ದಕ್ಕಿಂತ ದೊಡ್ಡದು.

ಈ ಕೇಂದ್ರದ ವಿಶೇಷವಿರುವುದು ಅದರ ದಾಖಲೆಗಳಲ್ಲಿ. ಲಿಂಕನ್ ವಿಶ್ವವಿದ್ಯಾಲಯದ ಸಹಕಾರದಿಂದ ಸಂಗ್ರಹಿಸಿದ ಪತ್ರಗಳು, ದಿನಚರಿಗಳು ಮತ್ತು ಧ್ವನಿಮುದ್ರಿಕೆಗಳಲ್ಲಿ ವೈಮಾನಿಕರ ಮಾತುಗಳೊಡನೆ, ಬಾಂಬುಗಳು ಬಿದ್ದ ನಗರಗಳಲ್ಲಿ ಬದುಕಿ ಉಳಿದವರ ಮಾತುಗಳೂ ಇವೆ. ಮೇಲಿನಿಂದ ಬೆಳಕಿನ ಚುಕ್ಕೆಗಳಂತೆ ಕಂಡುದು ಕೆಳಗೆ ಏನಾಗಿದ್ದಿತೆಂಬುದನ್ನು ವಿದ್ಯಾರ್ಥಿಯು ಒಂದೇ ಸ್ಥಳದಲ್ಲಿ ಅರಿಯಬಹುದು. ಗೌರವ, ಸ್ಮರಣೆ, ಸಾಮರಸ್ಯ ಎಂಬ ಮೂರನ್ನು ಕೇಂದ್ರವು ತನ್ನ ಧ್ಯೇಯವಾಗಿ ಇಟ್ಟುಕೊಂಡಿದೆ. ಕಲ್ಲು ಹೇಳಲಾರದುದನ್ನು ದಾಖಲೆಯು ಹೇಳಬಲ್ಲದು ಎಂಬುದು ಇಲ್ಲಿಯ ಪಾಠ.

ಕಟ್ಟಿದ ಸ್ಮಾರಕಗಳಲ್ಲದೆ, ಉಳಿಸಿಕೊಂಡ ಸ್ಮಾರಕಗಳೂ ಇವೆ. ಲಿಂಕನ್ ಪ್ರಾಂತದ ಈಸ್ಟ್ ಕರ್ಕ್‌ಬಿ ಎಂಬ ಹಳೆಯ ವಿಮಾನನೆಲೆಯನ್ನು ಪ್ಯಾಂಟನ್ ಎಂಬ ಕೃಷಿಕ ಸಹೋದರರಿಬ್ಬರು ವಸ್ತುಸಂಗ್ರಹಾಲಯವಾಗಿ ಮಾಡಿ, ಒಂದು ಲ್ಯಾಂಕಾಸ್ಟರನ್ನು ಅಲ್ಲಿ ಇರಿಸಿದರು. ಮೇಲೆ ಹೇಳಿದ ನ್ಯೂರೆಂಬರ್ಗ್ ದಾಳಿಯಲ್ಲಿ ಮಡಿದ ತಮ್ಮ ಅಣ್ಣನ ನೆನಪಿಗಾಗಿ ಅವರು ಕೈಗೊಂಡ ಕಾರ್ಯವಿದು. ತಯಾರಾದ 7,377 ಲ್ಯಾಂಕಾಸ್ಟರುಗಳಲ್ಲಿ ಹಾರಬಲ್ಲ ಸ್ಥಿತಿಯಲ್ಲಿ ಕಾಪಾಡಿಕೊಂಡು ಬಂದಿರುವುವು ಎರಡೇ. ಒಂದು ಇಂಗ್ಲೆಂಡಿನಲ್ಲಿ, ಇನ್ನೊಂದು ಕೆನಡಾದಲ್ಲಿ. ಹಾಲೆಂಡಿನಲ್ಲಿ, ಸಿಬ್ಬಂದಿಯೊಡನೆ ನೀರಿನಡಿಯಲ್ಲಿ ಉಳಿದಿರಬಹುದಾದ ವಿಮಾನಗಳನ್ನು ಮೇಲೆತ್ತುವ ಕೆಲಸವನ್ನು ಸರಕಾರವೇ ನಡೆಸುತ್ತಿದೆ. 1943ರಲ್ಲಿ ಬಿದ್ದ ಸ್ಟರ್ಲಿಂಗ್ ಬಾಂಬರೊಂದನ್ನು 2020ರಲ್ಲಿ ಮಾರ್ಕರ್‌ಮೇರ್ ಸರೋವರದಿಂದ ತೆಗೆದರು. ಡಕ್ಸ್‌ಫರ್ಡಿನ ಅಮೆರಿಕನ್ ವಾಯುಸಂಗ್ರಹಾಲಯದ ಬಳಿ 52 ಗಾಜಿನ ಫಲಕಗಳ ಮೇಲೆ 7,031 ವಿಮಾನಗಳ ಆಕೃತಿಗಳನ್ನು ಕೆತ್ತಿದ್ದಾರೆ. ಬ್ರಿಟನ್ನಿನಿಂದ ಹೊರಟು ಹಿಂದಿರುಗದ ಅಮೆರಿಕದ ವಿಮಾನಗಳ ಲೆಕ್ಕ ಇದು. ಫಲಕಗಳ ಉದ್ದಕ್ಕೂ ನಡೆದು ಹೋದವನಿಗೆ ಸಂಖ್ಯೆಯ ಭಾರವು ಕಾಲಿನಿಂದಲೇ ತಿಳಿಯುತ್ತದೆ.

ಈ ಉಳಿವಿನ ಕಥೆಯಲ್ಲಿ ಬೆಂಗಳೂರಿಗೂ ಒಂದು ಪಾಲಿದೆಯೆಂಬುದು ನಮ್ಮ ವಾಚಕರಲ್ಲಿ ಹಲವರಿಗೆ ಹೊಸ ಸಂಗತಿಯಾಗಬಹುದು. ಅಮೆರಿಕದಲ್ಲಿ ತಯಾರಾಗಿ ಬರ್ಮಾ ಯುದ್ಧರಂಗದಲ್ಲಿ ಬಳಕೆಯಾದ ಲಿಬರೇಟರ್ ಬಾಂಬರುಗಳು ಯುದ್ಧ ಮುಗಿದಾಗ ಕಾನ್ಪುರದಲ್ಲಿ ಉಳಿದುವು. ಮತ್ತೆ ಹಾರಬಾರದೆಂದು ಅವುಗಳನ್ನು ಕೆಡಿಸಿ ಬಿಟ್ಟಿದ್ದರು. 1940ರಲ್ಲಿ ಬೆಂಗಳೂರಿನಲ್ಲಿ ಸ್ಥಾಪಿತವಾದ ಹಿಂದೂಸ್ಥಾನ್ ಏರ್‌ಕ್ರಾಫ್ಟ್ ಕಾರ್ಖಾನೆಯವರು ಅವುಗಳಲ್ಲಿ ಸುಮಾರು ನಲವತ್ತನ್ನು ಹೇಗೋ ಹಾರಿಸಿಕೊಂಡು ಬೆಂಗಳೂರಿಗೆ ತಂದು ದುರಸ್ತಿ ಮಾಡಿದರು. 1948ರಿಂದ ಭಾರತೀಯ ವಾಯುಸೇನೆಯು ಅವುಗಳನ್ನು ಬಳಸಿ, 1968ರಲ್ಲಿ ನಿವೃತ್ತಿಗೊಳಿಸಿತು. ಅಷ್ಟರಲ್ಲಿ ಬೇರೆ ದೇಶಗಳಲ್ಲಿ ಲಿಬರೇಟರುಗಳನ್ನು ಬಹುಮಟ್ಟಿಗೆ ಕರಗಿಸಿಯಾಗಿತ್ತು. ಇಂದು ಬ್ರಿಟಿಷ್ ವಾಯುಸೇನೆಯ ಸಂಗ್ರಹಾಲಯದಲ್ಲಿ, ಕೆನಡಾದಲ್ಲಿ, ಅಮೆರಿಕದ ಅರಿಜೋನಾದಲ್ಲಿ, ದೆಹಲಿಯ ಪಾಲಂನಲ್ಲಿ ಕಾಣುವ ಲಿಬರೇಟರುಗಳು ಭಾರತದಲ್ಲಿ ಹೀಗೆ ಉಳಿದುಬಂದವು. ಸ್ಮಾರಕವನ್ನು ಕಟ್ಟಬೇಕೆಂಬ ಉದ್ದೇಶ ಬೆಂಗಳೂರಿನ ಕೆಲಸಗಾರರಿಗೆ ಇರಲಿಲ್ಲ. ಹೊಸ ರಾಷ್ಟ್ರಕ್ಕೆ ವಿಮಾನಗಳು ಬೇಕಾಗಿದ್ದುವು. ಆದರೂ ಸಾವಿರಾರು ವೈಮಾನಿಕರ ನೆನಪಿಗೆ ಒಂದು ದೇಹವು ಉಳಿದುದು ಅವರ ಕೈಕೆಲಸದಿಂದಲೇ.

ಕೊನೆಯದಾಗಿ, ಬಾಂಬುಗಳು ಬಿದ್ದ ಕಡೆಯ ಸ್ಮಾರಕಗಳನ್ನು ನೋಡದೆ ಈ ವಿವೇಚನೆಯು ಪೂರ್ಣವಾಗದು. 1940ರ ನವೆಂಬರ್ 14ರಂದು ಸುಟ್ಟ ಕವೆಂಟ್ರಿಯ ಕೆಥೆಡ್ರಲಿನ ಪಾಳುಗೋಡೆಗಳನ್ನು ಹಾಗೆಯೇ ಉಳಿಸಿ, ಪಕ್ಕದಲ್ಲಿ ಹೊಸದನ್ನು 1962ರಲ್ಲಿ ಪ್ರತಿಷ್ಠಾಪಿಸಿದರು. ಡ್ರೆಸ್‌ಡನ್ನಿನಲ್ಲಿ ಕುಸಿದುಬಿದ್ದ ಫ್ರೌಯೆನ್‌ಕಿರ್ಖೆ ಎಂಬ ಚರ್ಚನ್ನು ಮತ್ತೆ ಕಟ್ಟಿ 2005ರಲ್ಲಿ ತೆರೆದರು. ಅದರ ಗುಮ್ಮಟದ ಮೇಲಿನ ಹೊಂಬಣ್ಣದ ಶಿಲುಬೆಯು ಬ್ರಿಟಿಷ್ ಜನರ ಕೊಡುಗೆ. ಅದನ್ನು ರೂಪಿಸಿದ ಲಂಡನ್ನಿನ ಅಕ್ಕಸಾಲಿಯ ತಂದೆಯು ಡ್ರೆಸ್‌ಡನ್ನಿನ ಮೇಲೆ ಹಾರಿದ ಬಾಂಬರು ಚಾಲಕರಲ್ಲೊಬ್ಬನು. ತಂದೆಯ ಧೈರ್ಯವನ್ನು ಮಗನು ನಿರಾಕರಿಸಲಿಲ್ಲ. ತಂದೆಯ ಕಾರ್ಯದ ಫಲವನ್ನೂ ಮರೆಯಲಿಲ್ಲ. ನಾವು ಆರಂಭದಲ್ಲಿ ಎತ್ತಿದ ಪ್ರಶ್ನೆಗೆ ಇದಕ್ಕಿಂತ ಸರಳವಾದ ಉತ್ತರವನ್ನು ಕಾಣೆವು.

ಹ್ಯಾಂಬರ್ಗಿನ ಓಲ್ಸ್‌ಡಾರ್ಫ್ ಶ್ಮಶಾನದಲ್ಲಿ, ಅಗ್ನಿಪ್ರಳಯದಲ್ಲಿ ಸತ್ತ ಸಹಸ್ರಾರು ಜನರನ್ನು ಶಿಲುಬೆಯಾಕಾರದ ಸಾಮೂಹಿಕ ಗೋರಿಗಳಲ್ಲಿ ಹೂಳಿದ್ದಾರೆ. ಅದರ ನಡುವೆ ಗೆರ್ಹಾರ್ಡ್ ಮಾರ್ಕ್ಸ್ ಎಂಬ ಶಿಲ್ಪಿಯು 1952ರಲ್ಲಿ ಇರಿಸಿದ ಶಿಲ್ಪವು, ನಮ್ಮ ವೈತರಣಿಯನ್ನು ಹೋಲುವ ಗ್ರೀಕರ ಮೃತ್ಯುನದಿಯನ್ನು ದಾಟುತ್ತಿರುವ ದೋಣಿಯನ್ನು ತೋರಿಸುತ್ತದೆ. ಅದೇ ಶ್ಮಶಾನದ ಇನ್ನೊಂದು ಭಾಗದಲ್ಲಿ, ಜರ್ಮನಿಯ ಮೇಲಿನ ದಾಳಿಗಳಲ್ಲಿ ಬಿದ್ದು ಸತ್ತ ಬ್ರಿಟಿಷ್ ಮತ್ತು ಕಾಮನ್‌ವೆಲ್ತ್ ವೈಮಾನಿಕರ ಗೋರಿಗಳೂ ಇವೆ. ಹೊಡೆದವರೂ ಹೊಡೆಸಿಕೊಂಡವರೂ ಒಂದೇ ಪ್ರಾಕಾರದೊಳಗೆ ಮಲಗಿದ್ದಾರೆ. ಅಲ್ಲಿಗೆ ಹೋದವನು ಒಂದು ಕಡೆಯವರಿಗೆ ಮಾತ್ರ ಹೂವಿಟ್ಟು ಹಿಂದಿರುಗಬಹುದು. ಆದರೆ ಇನ್ನೊಂದು ಕಡೆ ಇದೆಯೆಂಬುದನ್ನು ಅವನು ಅರಿಯದೆ ಇರಲಾರನು. ಬಾಂಬರು ವೈಮಾನಿಕರ ಸ್ಮಾರಕವು ಎಲ್ಲಿಯೇ ಇರಲಿ, ನೋಡುವವನಿಗೆ ಅಷ್ಟರ ಮಟ್ಟಿನ ಅರಿವನ್ನು ಕೊಟ್ಟರೆ ಅದು ತನ್ನ ಕರ್ತವ್ಯವನ್ನು ಮಾಡಿದೆಯೆಂದು ನಾವು ಭಾವಿಸುತ್ತೇವೆ.